ಮಿಲ್ಲಿನಮ್ಮನ ಹಿತ್ತಿಲ ಗೋಡೆ

ಕಳೆದ ವಾರ ಗೋಕುಲಂನಲ್ಲಿ ಏನೋ ಕೆಲಸವಿತ್ತು. ವಾಪಸ್ ಬರುವಾಗ ಹೊಸದಾಗಿ ಶುರುವಾದ ಒಂದು ಅಂಗಡಿಯೊಳಗೆ ಹೋದೆ. ಗಾಜಿನ ಬಾಗಿಲು, ಬಿದಿರಿನ ಬುಟ್ಟಿಗಳು, ಮೂಲೆಯಲ್ಲಿ ಆಟದ ಸಾಮಾನಿನಂಥ ಪುಟ್ಟ ಬೀಸುವ ಯಂತ್ರ. ಯೋಗ ಕಲಿಯಲು ಬಂದ ವಿದೇಶಿ ಹೆಂಗಸೊಬ್ಬಳು ಎದುರಿಗೇ ನಿಂತು ರಾಗಿ ಬೀಸಿಸಿಕೊಳ್ಳುತ್ತಿದ್ದಳು. ಬಿಸಿ ಹಿಟ್ಟಿನ ವಾಸನೆ ಬಂತು. ಸ್ವಲ್ಪ ಸುಟ್ಟಂತೆ, ಸ್ವಲ್ಪ ಒಣಮಣ್ಣಿನಂತೆ... ನನಗೆ ನಿಂತಲ್ಲಿ ನಿಲ್ಲಲಾಗಲಿಲ್ಲ. ಏನೂ ಕೊಳ್ಳದೆ ಹೊರಗೆ ಬಂದುಬಿಟ್ಟೆ. ಆ ವಾಸನೆಗೆ ಬೇರೆಯವರಿಗೆ ಹಸಿವಾಗಬಹುದು. ನನಗೆ ಮಾತ್ರ ಯಾರೋ ಗೇಟು ತಳ್ಳುತ್ತಿದ್ದಾರೆ ಅನ್ನಿಸುತ್ತದೆ.

ಹೆಬ್ಬಾಳದ ಕಾರ್ಖಾನೆಯೊಂದರಲ್ಲಿ ಕೆಲಸ ಸಿಕ್ಕಿದ ಹೊಸತರಲ್ಲಿ ನಾನು ಕೃಷ್ಣಮೂರ್ತಿಪುರಂನ ಒಂದು ಹಳೆಯ ಮನೆಯ ಮಹಡಿ ಕೋಣೆಯಲ್ಲಿ ಬಾಡಿಗೆಗಿದ್ದೆ. ಕೆಳಗೆ ರಸ್ತೆಗೆ ಮುಖ ಮಾಡಿ ಹಿಟ್ಟಿನ ಮಿಲ್ಲು, ಅದರ ಹಿಂದೆ ಮನೆ, ಮನೆಯ ಹಿಂದೆ ಬಚ್ಚಲು, ಸಣ್ಣದೊಂದು ಹಿತ್ತಿಲು. ಗಂಡ ತೀರಿಕೊಂಡ ಮೇಲೆ ಮಿಲ್ಲನ್ನು ಮನೆಯೊಡತಿಯೇ ನಡೆಸುತ್ತಿದ್ದರು. ಬೀದಿಯವರಿಗೆಲ್ಲ ಅವರು ಮಿಲ್ಲಿನಮ್ಮ. ನಾನೂ ಹಾಗೇ ಕರೆದೆ. ಒಬ್ಬಳೇ ಮಗಳನ್ನು ದಾವಣಗೆರೆಗೆ ಮದುವೆ ಮಾಡಿ ಕೊಟ್ಟಿದ್ದರು.

ಬೆಳಗ್ಗೆಯಿಂದ ಸಂಜೆಯವರೆಗೆ ಮಿಲ್ಲಿನಮ್ಮನ ಹುಬ್ಬು, ರೆಪ್ಪೆ, ಕಿವಿಯ ಮೇಲಿನ ಕೂದಲು ಎಲ್ಲ ಬೆಳ್ಳಗಿರುತ್ತಿತ್ತು. ಶನಿವಾರ ಮೆಣಸಿನಕಾಯಿ ಬೀಸುವ ದಿನವಾದರೆ ಕೆಂಪು. ಅವತ್ತು ಇಡೀ ಬೀದಿ ಸೀನುತ್ತಿತ್ತು, ಯಾರೂ ಬೈಯುತ್ತಿರಲಿಲ್ಲ. ಸಂಜೆ ಮಿಲ್ಲು ನಿಲ್ಲಿಸಿ, ಹಂಡೆಯಲ್ಲಿ ನೀರು ಕಾಯಿಸಿ, ತಲೆಯಿಂದ ಸ್ನಾನ ಮಾಡಿ ಹೊರಗೆ ಬಂದರೆ ಬೇರೆಯೇ ಹೆಂಗಸು. ವಯಸ್ಸೇ ಇಳಿದುಹೋಗಿರುತ್ತಿತ್ತು. ದಿನವೆಲ್ಲ ಆ ಸ್ನಾನಕ್ಕೆ ಕಾದಿರುತ್ತಾರೇನೋ ಅನ್ನುವ ಹಾಗೆ ಒಳಗೆ ಹೋಗುತ್ತಿದ್ದರು. ಅವರು ಹಾಡು ಹೇಳುತ್ತಿದ್ದದ್ದು ಆ ಬಚ್ಚಲಿನಲ್ಲಿ ಮಾತ್ರ.

ಒಂದು ದಿನ ಮಧ್ಯಾಹ್ನ ಪಾಳಿ ಮುಗಿಸಿ ಬಸ್ಸಿಳಿದು ಬಂದಾಗ ಹಿತ್ತಿಲಿನಲ್ಲಿ ಒಬ್ಬ ಅಪರಿಚಿತ ಟೇಪು ಹಿಡಿದು ಜಾಗ ಅಳೆಯುತ್ತಿದ್ದ. ಮಿಲ್ಲಿನಮ್ಮ ಜರಡಿ ಕೈಯಲ್ಲೇ ಹಿಡಿದುಕೊಂಡು ಅವನ ಹಿಂದೆ ಹಿಂದೆ ಹೋಗುತ್ತಿದ್ದರು.

"ಯಾರಪ್ಪ ನೀನು? ಯಾರನ್ನ ಕೇಳಿ ಒಳಿಕ್ಕೆ ಬಂದೆ?"

"ಜಾಗ ನಮ್ ಸಾಹೇಬ್ರು ತಗೊಂಡವ್ರೆ ಕಣಮ್ಮ. ನಿಮ್ಗೆ ಯಾರೂ ಹೇಳ್ಲಿಲ್ವಾ?"

ಯಾರೂ ಹೇಳಿರಲಿಲ್ಲ. ಮನೆ ಅವರ ಮಾವನ ಕಾಲದ್ದು. ಗಂಡನಿಗೂ ಮೈದುನನಿಗೂ ಪಾಲಾಗಿರಲಿಲ್ಲ. ಬೇರೆ ಊರಿನಲ್ಲಿದ್ದ ಮೈದುನ, ಎಲ್ಲವೂ ತನ್ನದೇ ಅನ್ನುವಂತೆ, ಅಪಾರ್ಟ್‌ಮೆಂಟ್ ಕಟ್ಟಿಸುವ ಒಬ್ಬರಿಗೆ ಇಡೀ ಮನೆ ಮಾರಿಬಿಟ್ಟಿದ್ದ. ಮಿಲ್ಲಿನಮ್ಮ ಅಂದು ರಾತ್ರಿ ಊಟ ಮಾಡಲಿಲ್ಲ. ಆದರೆ ಮರುದಿನವೇ ವಕೀಲರೊಬ್ಬರನ್ನು ಹಿಡಿದರು. ತನ್ನ ಪಾಲಿಗಾಗಿ ದಾವೆ ಹೂಡಿದರು. ತೀರ್ಮಾನವಾಗುವವರೆಗೆ ಇದ್ದದ್ದು ಇದ್ದ ಹಾಗೇ ಇರಬೇಕು, ಅವರನ್ನು ಯಾರೂ ಮನೆಯಿಂದ ಎಬ್ಬಿಸಬಾರದು ಅಂತ ಕೋರ್ಟು ತಡೆಯಾಜ್ಞೆ ಕೊಟ್ಟಿತು. ಅದು ಸಿಕ್ಕಿದ ದಿನ ಬೀದಿಗೆಲ್ಲ ಸಕ್ಕರೆ ಹಂಚಿದರು. ಎಲ್ಲ ಮುಗಿಯಿತು ಅಂತ ನಾನೂ ತಿಳಿದೆ.

ವಕೀಲರು ಮಾತ್ರ ಒಂದು ಮಾತು ಹೇಳಿ ಕಳಿಸಿದ್ದರು. "ಮನೆ ಒಂದು ಗಳಿಗೆಯೂ ಖಾಲಿ ಬಿಡಬೇಡಿ. ನೀವು ಒಳಗಿದ್ದರೆ ಅದು ಕೇಸು. ಹೊರಗೆ ಹಾಕಿಬಿಟ್ಟರೆ ಬರೀ ಪೇಪರು."

ಅಲ್ಲಿಂದ ಅವರಿಗೆ ಕೂತಲ್ಲಿ ಕೂರಲಾಗದ ಕಾಯಿಲೆ ಅಂಟಿಕೊಂಡಿತು. ತರಕಾರಿಗೆ ಹೋಗುವುದು ನಿಂತಿತು. ದೇವಸ್ಥಾನ ನಿಂತಿತು. ಮಿಲ್ಲು ಓಡುತ್ತಿರುವಾಗಲೂ ನಡುವೆ ನಡುವೆ ಬಂದು ಹಿತ್ತಿಲು ನೋಡಿ ಹೋಗುತ್ತಿದ್ದರು. ಬೀದಿಯಲ್ಲಿ ಯಾವುದಾದರೂ ಬೈಕು ನಿಧಾನವಾದರೆ ಮಾತು ಅರ್ಧಕ್ಕೇ ನಿಲ್ಲುತ್ತಿತ್ತು. ಯಾರಾದರೂ ಗೋಧಿ ಡಬ್ಬ ಹಿಡಿದುಕೊಂಡು ಬಂದರೆ ಮೊದಲು ಮುಖ ನೋಡುವರು, ಆಮೇಲೆ ಡಬ್ಬ. ಅನಿವಾರ್ಯವಾಗಿ ಹೊರಗೆ ಹೋಗಬೇಕಾದಾಗ ಮೆಟ್ಟಿಲ ಕೆಳಗೆ ನಿಂತು ಕೂಗುವರು.

"ನೀನು ಇದೀಯೇನಮ್ಮ ಮನೇಲಿ?"

ಇದ್ದರೆ ನಾನು ಕೆಳಗೆ ಬಂದು ಕೂರುತ್ತಿದ್ದೆ. ರಾತ್ರಿ ಪಾಳಿ ಮುಗಿಸಿ ಬಂದ ದಿನ ಕೂತಲ್ಲೇ ತೂಕಡಿಸುತ್ತಿದ್ದೆ. ಕಣ್ಣು ಮುಚ್ಚಿದರೂ ಕಿವಿ ಮಾತ್ರ ಗೇಟಿನ ಹತ್ತಿರವೇ ಇರುತ್ತಿತ್ತು. ಅವರ ಚಡಪಡಿಕೆ ನನಗೂ ಹತ್ತಿಕೊಂಡಿತ್ತು.

ಆದರೂ ಅದು ಬಂತು. ಒಂದು ಬೆಳಗ್ಗೆ ಮಿಲ್ಲಿನಲ್ಲಿ ಜನ ತುಂಬಿದ್ದ ಹೊತ್ತಿನಲ್ಲೇ ಹಿಂದಿನ ಖಾಲಿ ಸೈಟಿನ ಕಡೆಯಿಂದ ಒಂದು ಜೆಸಿಬಿ ಬಂದು ಹಿತ್ತಿಲ ಗೋಡೆಯನ್ನು ನೂಕಿಬಿಟ್ಟಿತು. ಮಿಲ್ಲಿನ ಸದ್ದಿನಲ್ಲಿ ನಮಗೆ ಕೇಳಿಸಲೇ ಇಲ್ಲ. ಬೆಳಕು ಬರಬಾರದ ಕಡೆಯಿಂದ ನಡುಮನೆಗೆ ಬಿಸಿಲು ಬಂದಿದ್ದು ನೋಡಿಯೇ ಅವರು ಓಡಿದ್ದು. ಹಿತ್ತಿಲ ಗೋಡೆಯೇ ಬಚ್ಚಲಿಗೂ ಒಂದು ಪಕ್ಕದ ಗೋಡೆಯಾಗಿತ್ತು. ಹಂಡೆ, ಕೊಳಗ, ಹಲಗೆಯ ಮೇಲಿಟ್ಟ ಸೀಗೆಪುಡಿ ಡಬ್ಬ ಎಲ್ಲ ಹಿಂದಿನ ಸೈಟಿಗೆ ಕಾಣುತ್ತಿತ್ತು.

ಎದುರುಮನೆ ಅಜ್ಜಿಯನ್ನು ಕರೆದು ಮಿಲ್ಲಿನ ಸ್ಟೂಲಿನ ಮೇಲೆ ಕಾವಲು ಕೂರಿಸಿ ನಾವಿಬ್ಬರೂ ಠಾಣೆಗೆ ಹೋದೆವು. ಮಿಲ್ಲಿನಮ್ಮ ಮುಖ ತೊಳೆದುಕೊಂಡಿರಲಿಲ್ಲ. ಬಿಳಿ ರೆಪ್ಪೆಗಳ ಆ ಮುಖ ನೋಡಿ ಬಾಗಿಲಲ್ಲಿದ್ದ ಪೇದೆ ನಗು ತಡೆದುಕೊಂಡ. ಒಳಗಿದ್ದ ಸಬ್ ಇನ್ಸ್‌ಪೆಕ್ಟರು ಕೆಟ್ಟವರಾಗಿರಲಿಲ್ಲ. ಕೂರಿಸಿದರು, ನೀರು ಕೊಡಿಸಿದರು, ಕೋರ್ಟಿನ ಆದೇಶವನ್ನು ಪೂರ್ತಿ ಓದಿದರು.

"ಇದು ಸಿವಿಲ್ ಮ್ಯಾಟರ್ ಕಣಮ್ಮ. ನಾವು ಕೈ ಹಾಕೋ ಹಂಗಿಲ್ಲ."

"ಕೈ ಹಾಕಿರೋರು ಅವ್ರು ಸಾರ್. ಗೋಡೇನೇ ಬೀಳ್ಸವ್ರೆ."

"ಹಂಗಾದ್ರೆ ಕೋರ್ಟಿಗೆ ಹೋಗಿ ಹೇಳಿ."

"ಕೋರ್ಟಿಗೆ ಹೋಗಿದ್ದಕ್ಕೇ ಸಾರ್ ಈ ಆರ್ಡರ್ ಕೊಟ್ಟಿರೋದು. ಇದ್ನ ಹಿಡ್ಕೊಂಡು ಇನ್ನ್ಯಾರತ್ರ ಹೋಗ್ಲಿ ನಾನು?"

ಸಬ್ ಇನ್ಸ್‌ಪೆಕ್ಟರು ಪೆನ್ನಿನ ಮುಚ್ಚಳ ತೆಗೆದು ಹಾಕಿ ಮಾಡಿದರು. ಮಿಲ್ಲಿನಮ್ಮ ಎದ್ದರು. "ಸರಿ ಬುಡಿ. ನಾನೇ ಗಾರೆಯವ್ನನ್ನ ಕರ್ಸಿ ಕಟ್ಕೋತೀನಿ. ಅವ್ರು ಬರದಂಗೆ ಒಬ್ಬ ಪೊಲೀಸಪ್ಪನ್ನ ಕಳ್ಸಿ, ಸಾಕು."

"ಅದೂ ಆಗಲ್ಲ. ಇದ್ದದ್ದು ಇದ್ದಂಗೇ ಇರ್ಲಿ ಅಂತ ಬರ್ದಿದಾರೆ ಇದ್ರಲ್ಲಿ. ಈಗ ಗೋಡೆ ಇಲ್ಲ. ನೀವು ಕಟ್ಟಿದ್ರೆ ನೀವೇ ಆರ್ಡರ್ ಮುರ್ದಂಗೆ ಅಂತ ಅವ್ರು ಕಂಪ್ಲೇಂಟ್ ಕೊಡ್ತಾರೆ. ಕೋರ್ಟಿಂದಾನೇ ಬರ್ಸ್ಕೊಂಡು ಬನ್ನಿ, ಪೊಲೀಸ್ರು ರಕ್ಷಣೆ ಕೊಡ್ಬೇಕು ಅಂತ. ಆಗ ನಾನೇ ಬಂದು ನಿಂತ್ಕೋತೀನಿ."

ರಸ್ತೆಗೆ ಬಂದ ಮೇಲೆ ಮಿಲ್ಲಿನಮ್ಮ ನಕ್ಕರು. "ಗೋಡೆ ಇಲ್ವಂತೆ, ಇಲ್ದಂಗೇ ಇರ್ಬೇಕಂತೆ! ಕೇಳಿದ್ಯಾ?" ಆಟೋದಲ್ಲಿ ಕೂತ ಮೇಲೂ ನಗುತ್ತಲೇ ಇದ್ದರು. ಮನೆ ಹತ್ತಿರ ಬಂದ ಹಾಗೆ ಆ ನಗು ಏನೋ ಆಗಿಹೋಯಿತು... ನಾನು ಅವರ ಮುಖ ನೋಡದೆ ಹೊರಗೆ ನೋಡಿದೆ.

ಗೋಡೆಯಿದ್ದ ಜಾಗಕ್ಕೆ ನೀಲಿ ಟಾರ್ಪಾಲು ಕಟ್ಟಿದೆವು. ಹಿಂದಿನ ಸೈಟಿನಲ್ಲಿ ಸದಾ ಇಬ್ಬರು ಮೂವರು ಗಂಡಸರು ಕುರ್ಚಿ ಹಾಕಿಕೊಂಡು ಕೂತಿರುತ್ತಿದ್ದರು. ಏನೂ ಮಾಡುತ್ತಿರಲಿಲ್ಲ. ಮೊಬೈಲಿನಲ್ಲಿ ಏನೋ ನೋಡಿಕೊಂಡು ನಗುತ್ತಿದ್ದರು, ಅಷ್ಟೇ. ಗಾಳಿ ಬಂದರೆ ಟಾರ್ಪಾಲು ಮೇಲಕ್ಕೆ ಹಾರುತ್ತಿತ್ತು. ಮಿಲ್ಲಿನಮ್ಮ ಸ್ನಾನಕ್ಕೆ ಹೋದರೆ ನಾನು ಹೊರಗೆ ನಿಂತು ಅದರ ಅಂಚನ್ನು ಎರಡೂ ಕೈಯಲ್ಲಿ ಹಿಡಿದುಕೊಳ್ಳುತ್ತಿದ್ದೆ. ನಾನು ಪಾಳಿಯಲ್ಲಿದ್ದ ದಿನ ಅವರು ಸ್ನಾನವನ್ನೇ ಬಿಟ್ಟರು. ಒದ್ದೆ ಬಟ್ಟೆಯಲ್ಲಿ ಮೈ ಒರೆಸಿಕೊಂಡು ಮಲಗುತ್ತಿದ್ದರು. ಕೂದಲ ಬುಡದಲ್ಲಿ ಹಿಟ್ಟು ಅಂಟಿಕೊಂಡು ಗಂಟುಗಂಟಾಗಿರುತ್ತಿತ್ತು. ಹಾಡು ಕೇಳಿಸುವುದು ಯಾವಾಗ ನಿಂತಿತೋ ನನಗೆ ನೆನಪಿಲ್ಲ.

ಅದೇ ಸಮಯಕ್ಕೆ ದಾವಣಗೆರೆಯಿಂದ ಫೋನು ಬಂತು. ಮಗಳಿಗೆ ಹೆರಿಗೆಯಾಗಿತ್ತು, ಹೆಣ್ಣುಮಗು. ಅತ್ತೆಯಿಲ್ಲದ ಮನೆ ಅದು, ಬಾಣಂತಿಯನ್ನು ನೋಡಿಕೊಳ್ಳುವವರಿಲ್ಲ. ಇಲ್ಲಿಗೆ ಕರೆತರೋಣವೆಂದರೆ ಗೋಡೆಯಿಲ್ಲದ ಬಚ್ಚಲು. ನಾನು ರಜೆ ಹಾಕಿದೆ. ಅವರು ಅಂಟಿನುಂಡೆ ಕಟ್ಟಿ, ಹಳೇ ಮೆತ್ತನೆ ಸೀರೆಗಳನ್ನು ಮಡಚಿ ಬ್ಯಾಗು ತುಂಬಿ ಬೆಳಗ್ಗೆಯೇ ಹೊರಟರು. ಮಧ್ಯಾಹ್ನದ ಹೊತ್ತಿಗೆ ಗೇಟು ಸದ್ದಾಯಿತು. ಬಾಗಿಲ ಚಿಲಕ ಹಾಕಿ ಕಿಟಕಿಯಿಂದ ಇಣುಕಿದೆ. ನೋಡಿದರೆ ಅವರೇ.

"ಯಾಕಮ್ಮ, ಬಸ್ ಸಿಗ್ಲಿಲ್ವಾ?"

"ಹತ್ತಿದ್ದೆ ಕಣೆ. ಶ್ರೀರಂಗಪಟ್ಟಣದ ಸೇತುವೆ ದಾಟೋವರ್ಗೂ ಹೋದೆ. ಅವ್ರು ಬಂದ್ರೆ ನೀನೊಬ್ಳೇ ಎಂಗೆ ತಡೀತೀಯಾ ಅನ್ನುಸ್ಬುಡ್ತು. ಇಳ್ದು ಬಂದ್ಬುಟ್ಟೆ."

ಮಗಳಿಗೆ ಫೋನು ಮಾಡಿದರು. "ಈ ವಾರ ಆಗಲ್ಲ ಕಣಮ್ಮ, ಇನ್ನೊಂದು ವಾರ..." ಅನ್ನುತ್ತಿರುವಾಗಲೇ ಆ ಕಡೆ ಫೋನು ಇಟ್ಟ ಸದ್ದಾಯಿತು. ಇನ್ನೊಂದು ವಾರವೂ ಅವರು ಹೋಗಲಿಲ್ಲ. ಅಂಟಿನುಂಡೆಯನ್ನು ನಾನು ಪಾರ್ಸಲ್ ಮಾಡಿ ಕಳಿಸಿದೆ.

ಪೊಲೀಸ್ ರಕ್ಷಣೆ ಕೋರಿ ವಕೀಲರು ಅದೇ ಕೋರ್ಟಿನಲ್ಲಿ ಅರ್ಜಿ ಹಾಕಿದರು. ಅದರ ವಿಚಾರಣೆಗೆ ಮಿಲ್ಲಿನಮ್ಮ ಖುದ್ದಾಗಿ ಹೋಗಬೇಕಾಗಿ ಬಂತು. ರಕ್ಷಣೆ ಕೇಳಲು ಹೋಗಬೇಕೆಂದರೆ ಮನೆಯನ್ನು ರಕ್ಷಣೆಯಿಲ್ಲದೆ ಬಿಟ್ಟು ಹೋಗಬೇಕು. ಹೋಗಲೋ ಬೇಡವೋ ಅಂತ ಒಳಗೂ ಹೊರಗೂ ಓಡಾಡಿ ಕೊನೆಗೆ ನನ್ನನ್ನು ಮಿಲ್ಲಿನಲ್ಲಿ ಕೂರಿಸಿ ಹೋದರು. ಅವರು ಆ ಕಡೆ ಆಟೋ ಹತ್ತಿದ್ದನ್ನು ಯಾರೋ ನೋಡುತ್ತಿದ್ದಿರಬೇಕು. ಸ್ವಲ್ಪ ಹೊತ್ತಿಗೆ ನಾಲ್ಕೈದು ಜನ ಮುಂಬಾಗಿಲಿಗೇ ಬಂದರು. ಒಬ್ಬನ ಕೈಯಲ್ಲಿ ಹೊಸ ಬೀಗ, ಸರಪಳಿ.

"ಮೇಡಂ, ನೀವು ಬಾಡಿಗೆಯವ್ರು ತಾನೆ? ನಿಮ್ ಸಾಮಾನು ಎತ್ಕೊಳ್ಳಿ. ನಿಮ್ಗೇನೂ ಮಾಡಲ್ಲ." ಅವನು ಬಹಳ ಮರ್ಯಾದೆಯಿಂದಲೇ ಹೇಳಿದ.

ಕೂಗಿದರೆ ದನಿ ಬರುವುದಿಲ್ಲ ಅಂತ ಗೊತ್ತಾಯಿತು. ಕಾಲು ತಾನಾಗಿ ಹಿಂದಕ್ಕೆ ಹೋಯಿತು, ಬೆನ್ನಿಗೆ ಮಿಲ್ಲಿನ ಸ್ವಿಚ್ಚು ತಾಗಿತು. ಏನು ಯೋಚನೆ ಮಾಡಿದೆನೋ, ಅದನ್ನು ಮೇಲಕ್ಕೆ ಎತ್ತಿಬಿಟ್ಟೆ. ಕಾಳಿಲ್ಲದ ಮಿಲ್ಲು ಓಡಿದರೆ ಬರುವ ಸದ್ದು ಕೇಳಿದವರಿಗೇ ಗೊತ್ತು. ಕಲ್ಲಿಗೆ ಕಲ್ಲು ಉಜ್ಜಿ ಮನೆಯ ಹೆಂಚೆಲ್ಲ ನಡುಗಿತು. ಎದುರುಮನೆ ಅಜ್ಜಿ ಹೊರಗೆ ಬಂದರು. ಪಕ್ಕದ ಮನೆಯವರು ಬಂದರು. "ಏನಾಯ್ತು, ಮಿಲ್ಲಿಗೇನಾಯ್ತು?" ಅನ್ನುತ್ತ ಬೀದಿಗೆ ಬೀದಿಯೇ ಬಂದು ಬಾಗಿಲಲ್ಲಿ ನಿಂತಿತು. ಕೆಲವರು ಫೋನೆತ್ತಿ ವಿಡಿಯೋ ಮಾಡತೊಡಗಿದರು. ಸರಪಳಿ ಹಿಡಿದವನು ಅದನ್ನು ಅಂಗಿಯೊಳಗೆ ಸೇರಿಸಿಕೊಂಡು ಹೊರಟ. ಮಿಲ್ಲು ನಿಲ್ಲಿಸಬೇಕೆಂದು ನನಗೆ ಹೊಳೆಯಲೇ ಇಲ್ಲ. ಅಜ್ಜಿಯೇ ಬಂದು ಸ್ವಿಚ್ಚು ಇಳಿಸಿದರು.

ಮಿಲ್ಲಿನಮ್ಮ ಬಂದ ಮೇಲೆ ಅತ್ತುಕೊಂಡು ಹೇಳಿದೆ, ಕಲ್ಲು ಹಾಳಾಗಿರಬೇಕು ಅಂತ. ಅವರು ನನ್ನ ತಲೆ ಹಿಡಿದು ತಮ್ಮ ಹೊಟ್ಟೆಗೆ ಒತ್ತಿಕೊಂಡರು. "ಕಲ್ಲು ಸವುದ್ರೆ ಸವೀಲಿ ಬುಡು ಮಗಾ. ಉಳೀಲಿ ಮುಳ್ಳು ಒಡ್ಸಿ ಮತ್ತೆ ಒರಟು ಮಾಡ್ಸುದ್ರೆ ಆಯ್ತದೆ."

ಮುಂದಿನ ವಿಚಾರಣೆಯಲ್ಲಿ ವಕೀಲರು ಆ ವಿಡಿಯೋಗಳನ್ನು ಕೋರ್ಟಿನ ಮುಂದಿಟ್ಟರು. ಕೆಡವಿದ ಗೋಡೆಯನ್ನು ಮೊದಲಿದ್ದಂತೆ ಕಟ್ಟಿಕೊಳ್ಳಬಹುದು, ಕಟ್ಟುವಾಗಲೂ ಆಮೇಲೂ ಪೊಲೀಸರು ರಕ್ಷಣೆ ಕೊಡಬೇಕು ಅಂತ ಆದೇಶವಾಯಿತು. ಮಿಲ್ಲಿನಮ್ಮ ಈ ಸಲ ಸಕ್ಕರೆ ಹಂಚಲಿಲ್ಲ.

ಗೋಡೆ ಕಟ್ಟಿದ ದಿನ ಜೀಪು ಬಂತು. ಅದೇ ಸಬ್ ಇನ್ಸ್‌ಪೆಕ್ಟರು, ಹೇಳಿದ ಮಾತಿನಂತೆ, ಹಿತ್ತಿಲಿನಲ್ಲಿ ಬಿಸಿಲಿಗೆ ನಿಂತರು. ಜೊತೆಗೊಬ್ಬ ಮಹಿಳಾ ಪೇದೆ. ಆ ಕಡೆ ಮನೆ ಕೊಂಡವರು ಫೋನಿನಲ್ಲಿ ಯಾರು ಯಾರಿಗೋ ಮಾತಾಡಿದರು, ಫೋನನ್ನು ಸಬ್ ಇನ್ಸ್‌ಪೆಕ್ಟರ ಕೈಗೂ ಕೊಡಲು ನೋಡಿದರು. ಇವರು ತೆಗೆದುಕೊಳ್ಳಲಿಲ್ಲ. "ಕಟ್ರಪ್ಪ, ಬೇಗ ಬೇಗ ಕಟ್ಟಿ" ಅಂತ ಗಾರೆಯವನಿಗೆ ಮಾತ್ರ ಹೇಳುತ್ತಿದ್ದರು. ಮಿಲ್ಲಿನಮ್ಮ ತಾವೇ ಇಟ್ಟಿಗೆ ಎತ್ತಿ ಕೊಟ್ಟರು. ಸಂಜೆಗೆ ಗೋಡೆ ತಲೆಯೆತ್ತರ ದಾಟಿತು.

ಸಿಮೆಂಟು ಇನ್ನೂ ಹಸಿಯಾಗಿರುವಾಗಲೇ ಅವರು ಹಂಡೆಗೆ ಒಲೆ ಹಚ್ಚಿದರು. ಬಚ್ಚಲಿನಲ್ಲಿ ಎಷ್ಟೋ ಹೊತ್ತು ನೀರು ಸುರಿಯುವ ಸದ್ದು ಕೇಳುತ್ತಿತ್ತು. ಆ ಪೇದೆಯಮ್ಮ ಟೋಪಿ ತೆಗೆದು ಮಡಿಲಲ್ಲಿಟ್ಟುಕೊಂಡು ಜಗುಲಿಯಲ್ಲಿ ಕೂತಿದ್ದರು. "ಎಷ್ಟು ದಿನ ಆಗಿತ್ತು ಇವ್ರು ಸ್ನಾನ ಮಾಡಿ?" ಅಂತ ನನ್ನನ್ನು ಮೆಲ್ಲಗೆ ಕೇಳಿದರು. ನಾನು ಕಳಚಿಟ್ಟ ನೀಲಿ ಟಾರ್ಪಾಲನ್ನು ತೋರಿಸಿದೆ. ಅವರು ಹೊರಟುಹೋಗುವ ಹೊತ್ತು ಮೀರಿದ್ದರೂ ಮಿಲ್ಲಿನಮ್ಮ ಹೊರಗೆ ಬರುವವರೆಗೆ ಎದ್ದು ಹೋಗಲಿಲ್ಲ.

ಕೆಲವು ತಿಂಗಳು ಗಸ್ತಿನವರು ದಿನಾ ಬಂದು ನೋಡಿ ಹೋಗುತ್ತಿದ್ದರು. ಆಮೇಲೆ ವಾರಕ್ಕೊಮ್ಮೆ. ಹಿಂದಿನ ಸೈಟಿನ ಕುರ್ಚಿಗಳು ಮಾಯವಾದವು. ಇನ್ನು ಮಿಲ್ಲಿನಮ್ಮ ನೆಮ್ಮದಿಯಾಗುತ್ತಾರೆ ಅಂದುಕೊಂಡೆ. ಮಗಳನ್ನು, ಮಗುವನ್ನು ನೋಡಲು ದಾವಣಗೆರೆಗೂ ಹೋದರು. ಒಂದು ವಾರ ಇರುತ್ತೇನೆಂದು ಹೋದವರು ಮರುದಿನವೇ ಬಂದರು. "ಅಲ್ಲಿ ನಿದ್ದೆ ಬರ್ಲಿಲ್ಲ ಕಣಮ್ಮ. ಇಲ್ಲೂ ಬರಲ್ಲ ಅನ್ನು, ಆದ್ರೂ ಇಲ್ಲಾದ್ರೆ ಎದ್ದು ಬಾಗ್ಲು ನೋಡ್ಬೋದು." ಮೊಮ್ಮಗಳು ಹೇಗಿದ್ದಾಳೆ ಅಂದರೆ, "ಅವಳ್ಗೆ ನಾನು ಹೊಸಬ್ಳು, ಅತ್ಬುಟ್ಲು" ಅಂದು ಮಿಲ್ಲಿನ ಬೆಲ್ಟು ಸರಿಮಾಡಲು ಹೋದರು.

ನನಗೆ ಮದುವೆಯಾಯಿತು. ಹೆಬ್ಬಾಳದ ಕಡೆ ಮನೆ ಮಾಡಿದೆವು. ರಜೆಯ ದಿನ ಹೋಗಿ ಬರುತ್ತಿದ್ದೆ. ಹೋದಾಗಲೆಲ್ಲ ಅವರ ಕೆಮ್ಮು ಹೆಚ್ಚಾಗಿರುತ್ತಿತ್ತು. ಡಾಕ್ಟರು ಹಿಟ್ಟಿನ ಧೂಳು ಬಿಡಿ ಅಂದಿದ್ದರು. ಮಿಲ್ಲು ನಿಲ್ಲಿಸಿದರೆ ಮನೆ ಖಾಲಿಯಿದೆ ಅಂದುಕೊಳ್ಳುತ್ತಾರೆ ಅಂತ ಇವರು ಬಿಡಲಿಲ್ಲ. ಕೊನೆಗೆ ಉಸಿರು ಸಿಗದೆ ಆಸ್ಪತ್ರೆಗೆ ಸೇರಿಸಬೇಕಾಯಿತು. ಮಗಳು ಮಗುವನ್ನು ಗಂಡನ ಹತ್ತಿರ ಬಿಟ್ಟು ಓಡಿಬಂದಳು. ಬಂದವಳನ್ನು ಮಿಲ್ಲಿನಮ್ಮ ಹಾಸಿಗೆಯ ಪಕ್ಕದಲ್ಲಿ ಕೂರಗೊಡಲಿಲ್ಲ. "ನೀನು ಮನೆಗೋಗಿ ಕೂತ್ಕೋ ಮೊದ್ಲು" ಅಂತ ಒಂದೇ ಹಟ. ಹಟ ಮಾಡಿದಷ್ಟೂ ಉಸಿರು ಕಟ್ಟುತ್ತಿತ್ತು. ಅವಳು ಹೋದಳು. ಆಸ್ಪತ್ರೆಯಲ್ಲಿ ನಾನು ಉಳಿದೆ.

ಮೂಗಿಗೆ ಆಕ್ಸಿಜನ್ ಹಾಕಿದ್ದರು. ಮುಖದಲ್ಲಿ ಒಂದು ಚೂರೂ ಹಿಟ್ಟಿರಲಿಲ್ಲ. ಹಗಲಿನಲ್ಲಿ ಆ ಮುಖವನ್ನು ಹಾಗೆ ನೋಡಿದ್ದು ನಾನು ಅದೇ ಮೊದಲು.

"ಮನೇಲಿ ಯಾರವ್ರೆ?" ಅಂದರು.

"ನಿಮ್ಮ ಮಗ್ಳಿದಾಳಮ್ಮ."

"ಬಾಗ್ಲು ಹಾಕ್ಕೊಂಡವ್ಳಾ?"

"ಹಾಕ್ಕೊಂಡಿದಾಳೆ."

ಕಣ್ಣು ಮುಚ್ಚಿಕೊಂಡರು. ಆಮೇಲೆ ಮಾತಾಡಲಿಲ್ಲ. ಮಧ್ಯಾಹ್ನ ಊಟದ ಗಾಡಿ ಬರುವ ಹೊತ್ತಿಗೆ ನರ್ಸು ನನ್ನನ್ನು ಹೊರಗೆ ಕರೆದು, ಅವರು ಹೋಗಿಬಿಟ್ಟರು ಅಂತ ಹೇಳಿದಳು.

ನಾನು ಮಗಳಿಗೆ ಫೋನು ಮಾಡಿದೆ. "ಬರ್ತೀನಿ ಅಕ್ಕ. ಆದ್ರೆ ಮನೇಲಿ ಯಾರೂ..." ಅಂದಳು. ತಾನು ಏನು ಹೇಳುತ್ತಿದ್ದೇನೆ ಅಂತ ಅವಳಿಗೇ ಕೇಳಿಸಿರಬೇಕು. ಫೋನು ಎಲ್ಲಿಗೋ ಬಿದ್ದ ಸದ್ದಾಯಿತು. ಚಪ್ಪಲಿಯಿಲ್ಲದೆ ಬಂದಳು. ಮುಂಬಾಗಿಲು, ಹಿಂಬಾಗಿಲು, ಗೇಟು, ಯಾವುದನ್ನೂ ಹಾಕದೆ ಬಂದಿದ್ದಳು. ನಾವು ಅವರನ್ನು ಕರೆದುಕೊಂಡು ಹೋಗುವವರೆಗೂ ಮನೆ ತೆರೆದೇ ಇತ್ತು. ಯಾರೂ ಬರಲಿಲ್ಲ. ಅಷ್ಟು ವರ್ಷ ಕಾದ ಮನೆಯೊಳಗೆ ಆ ದಿನ ಯಾರು ಬೇಕಾದರೂ ಬರಬಹುದಿತ್ತು, ಒಬ್ಬರೂ ಬರಲಿಲ್ಲ.

ಗೋಕುಲಂನಿಂದ ಬಂದ ಸಂಜೆ ಮಿಲ್ಲಿನಮ್ಮನ ಮಗಳಿಗೆ ಫೋನು ಮಾಡಿದೆ. ಮಾತಾಡಿ ಬಹಳ ದಿನವಾಗಿತ್ತು. ಮನೆಗೆ ಬೀಗ ಹಾಕಿ, ತಾಯಿಯ ಜಾಗದಲ್ಲಿ ದಾವೆಯನ್ನು ದಾವಣಗೆರೆಯಿಂದ ಅವಳೇ ನಡೆಸುತ್ತಿದ್ದಳು.

"ನಾನೇ ಮಾಡ್ಬೇಕು ಅಂತಿದ್ದೆ ಅಕ್ಕ. ಹೋದ ತಿಂಗ್ಳು ತೀರ್ಪಾಯ್ತು. ಚಿಕ್ಕಪ್ಪ ತಮ್ಮ ಪಾಲು ಮಾತ್ರ ಮಾರ್ಬೋದಿತ್ತಂತೆ. ಅಮ್ಮನ ಅರ್ಧ ಅಮ್ಮಂದೇ."

"ಗೆದ್ರಲ್ಲ" ಅಂದೆ.

"ಹ್ಞೂಂ. ತೀರ್ಪಲ್ಲಿ ಅಮ್ಮನ ಹೆಸ್ರು ಮೊದ್ಲು ಬಂದಿದೆ. ಅದ್ರ ಪಕ್ಕ ಮೃತರು ಅಂತ ಹಾಕಿದಾರೆ." ಹಾಗೇ ಕೇಳಿದಳು. "ಅವ್ರು ಮೇಲಿನ ಕೋರ್ಟಿಗೆ ಹೋಗ್ತಾರಂತೆ. ಅಷ್ಟರಲ್ಲಿ ಏನಾದ್ರೂ ಮಾಡಿದ್ರೆ ಕಷ್ಟ, ಪೊಲೀಸ್ ರಕ್ಷಣೆಗೆ ಇನ್ನೊಂದ್ಸಲ ಅರ್ಜಿ ಹಾಕೋಣ್ವಾ ಅಂತ ಲಾಯರ್ ಕೇಳ್ತಿದಾರೆ. ಏನ್ಮಾಡ್ಲಿ ಅಕ್ಕ?"

ಫೋನಿನ ಆ ಕಡೆ ಅವಳ ಮಗಳು ಏನೋ ಪಾಠ ಜೋರಾಗಿ ಓದುತ್ತಿದ್ದದ್ದು ಕೇಳಿಸುತ್ತಿತ್ತು. ಅಜ್ಜಿಯನ್ನು ಕಂಡು ಅತ್ತಿದ್ದ ಮಗು. ಹಾಕು ಅನ್ನಬೇಕೆ, ಬಿಟ್ಟುಬಿಡು ಅನ್ನಬೇಕೆ... ಇಂಥದ್ದನ್ನು ಕೇಳಬೇಕಾದದ್ದು ಮಿಲ್ಲಿನಮ್ಮನನ್ನು. ಅವರಿಲ್ಲ. ಯೋಚನೆ ಮಾಡಿ ಹೇಳ್ತೀನಿ ಅಂತ ಫೋನಿಟ್ಟೆ. ಇನ್ನೂ ಹೇಳಿಲ್ಲ.